ನಾಲ್ಕು ಕುಚ್ಚಿನ ಹುಳು

ಜೇವರ್ಗಿ ಕಾಲೋನಿ, ಕಲಬುರಗಿ
೮ ಡಿಸೆಂಬರ್ ೨೦೨೪, ರವಿವಾರ

ಸ್ವಸ್ತಿ ಶ್ರೀ ಸಮಸ್ತ ಕೀಟಲೋಕದ ಏಕಚ್ಛತ್ರಾಧಿಪತಿಯೂ, ತೊಗರಿ ಸಾಲುಗಳ ಸಾರ್ವಭೌಮೆಯೂ, ಬಿ.ಎಸ್ಸಿ. ಕೊನೆಯ ವರ್ಷದ ಮೊದಲ ಬೆಂಚಿನ ಸಿಂಹಾಸನವನ್ನು ಅಲಂಕರಿಸಿದವಳೂ, ಅಖಿಲ ಕಲಬುರಗಿ ಜಿಲ್ಲಾ ಕಂಬಳಿಹುಳು ಹಿತರಕ್ಷಣಾ ಮಹಾಮಂಡಳದ ಸಂಸ್ಥಾಪಕ ಅಧ್ಯಕ್ಷೆಯೂ ಆದ ಮೆಹರೀನ್ ಬೇಗಂ ಸಾಹೇಬರ ದಿವ್ಯ ಸನ್ನಿಧಿಗೆ, ಅದೇ ಮಹಾಮಂಡಳದ ಕಾರ್ಯದರ್ಶಿ, ಖಜಾಂಚಿ, ಜವಾನ ಹಾಗೂ ಏಕೈಕ ಸದಸ್ಯೆಯಾದ ಸೌಂದರ್ಯಾ ಮಾಡುವ ಸಾಷ್ಟಾಂಗ ಸಲಾಮು.

ಉಜೈರ್ ಭಾಯಿ, ಇಷ್ಟನ್ನು ನೀವು ಎದ್ದು ನಿಂತು ಓದಿದ್ದೀರಿ ಎಂದು ನಂಬುತ್ತೇನೆ. ಕುಳಿತು ಓದಿದ್ದರೆ ನಿಂತು ಮತ್ತೊಮ್ಮೆ ಓದತಕ್ಕದ್ದು. ನಿಮ್ಮ ತಂಗಿ ಓದಬಾರದು, ಫೋನು ನೋಡಬಾರದು ಎಂದು ಡಾಕ್ಟರು ಹೇಳಿರುವವರೆಗೆ ನೀವೇ ಈ ಆಸ್ಥಾನದ ವಾಚಕರು. ಮೊಬೈಲ್ ಅಂಗಡಿಯಲ್ಲಿ ಗಿರಾಕಿಗೆ ರೇಟು ಹೇಳುವ ದನಿಯಲ್ಲಿ ಓದಬೇಡಿ.

ತಡವಾಯಿತು, ಕ್ಷಮಿಸು ಮೆಹರೂ. ಫೋನಿನಲ್ಲಿ ಮಾತಾಡೋಣವೆಂದರೆ ಹೋದ ಸಲ ಏನಾಯಿತೆಂದು ನಿನಗೇ ಗೊತ್ತು. ನಾನು ಹಲೋ ಅಂದೆ, ಮಸ್ತಾನಬಿ ಖಾಲಾ ಅತ್ತರು, ಅಮ್ಮ ಅಳುತ್ತಾರೆಂದು ನೀನೂ ಅತ್ತೆ, ಕಣ್ಣಲ್ಲಿ ನೀರು ತರಿಸಬಾರದು ಎಂದು ನರ್ಸು ಬಂದು ಫೋನು ಇಸಿದುಕೊಂಡಳು. ಅದಕ್ಕೇ ಈ ಕಾಗದ. ಹೈದರಾಬಾದಿಗೆ ತೊಗರಿಬೇಳೆ ಒಯ್ಯುವ ಕರೀಂಸಾಬ್ ನಾಳೆ ರೈಲು ಹತ್ತುತ್ತಾರೆ, ಅವರ ಕೈಯಲ್ಲಿ ಅಲ್ಲಿಯ ನಿನ್ನ ದವಾಖಾನೆಗೆ ಕಳಿಸುತ್ತೇನೆ. ಒಂದು ಲಕೋಟೆ ಕೊಡುತ್ತೇನೆ ಎಂದಾಗ ಹಿಂದೆ ಸರಿದರು. “ಒಳಗ ಹುಳ ಗಿಳ ಇಲ್ಲ ಹೌದಿಲ್ಲೋ ಬೇಟಾ? ಖರೇ ಹೇಳು, ನಾ ಬಿ.ಪಿ. ಪೇಶಂಟ್ ಇದ್ದೀನಿ.” ನನ್ನ ಕೀರ್ತಿ ಬೇಳೆ ಬಜಾರದವರೆಗೆ ಹಬ್ಬಿದೆ.

ಈಗ ರಾಜ್ಯದ ಸಮಾಚಾರ. ಹುಳು ಯಾವುದೆಂದು ತಿಳಿದರೆ ಒಳ್ಳೆಯದು, ಸಿಕ್ಕರೆ ಫೋಟೋ ಕಳಿಸಿ ಎಂದು ನಿನ್ನ ಡಾಕ್ಟರು ಕೇಳಿದ್ದರಲ್ಲ, ಅದಕ್ಕಾಗಿ ನಾನು ಮಹಾಗಾಂವದ ಹೊಲಕ್ಕೆ ಮತ್ತೆ ಹೋಗಿದ್ದೆ. ಕಲ್ಯಾಣಪ್ಪ ಕಾಕಾ ಬೈಕಿನಲ್ಲಿ ಕರೆದುಕೊಂಡು ಹೋದ. ಅದೇ ಹೊಲ, ಅದೇ ಸಾಲು. ಕಾಯಿ ಕಟ್ಟಿದೆ. ಗಿಡ ಝಾಡಿಸಿ ಹುಳು ಬೀಳಿಸಲು ನಮ್ಮ ಮುದುಕಿ ಆಯಿಯ ಅದೇ ಹಳೆ ಸೀರೆಯನ್ನೇ ಕಾಕಾ ತಂದಿದ್ದ. ಅದನ್ನೇ ಬುಡಕ್ಕೆ ಹಾಸಿದೆ. ಬೇರೆ ಸೀರೆ ತಾ ಎಂದರೆ ಯಾಕೆ ಎಂದು ಕೇಳುತ್ತಿದ್ದ.

ಕಾಕಾನ ಆಳು ಭೀಮಶಾ ಗಿಡ ಮುಟ್ಟಲು ಒಪ್ಪಲಿಲ್ಲ. ಕೈ ಹಿಂದೆ ಕಟ್ಟಿಕೊಂಡು ಬದುವಿನ ಮೇಲೆ ನಿಂತ.

“ನಾ ಝಾಡ್ಸಂಗಿಲ್ರಿ ಗೌಡ್ರ. ಅವತ್ತ ನನ್ನ ಕೈಲಿಂದೇ ಆಗ್ಯಾದ.”

“ನಿನ್ನ ಕೈ ಏನ್ ಮಾಡ್ತೋ? ಹುಳ ಗಿಡದಾಗಿತ್ತು. ವರ್ಷಾ ಝಾಡಸ್ತೀವಿ, ವರ್ಷಾ ಬೀಳ್ತಾವ.”

“ವರ್ಷಾ ಯಾರ್ ಕುಂತಿದ್ರುರಿ ಗಿಡದ ಬುಡಕ, ಮಾರಿ ಮ್ಯಾಲ ಮಾಡಿ?”

ನಿಜವೇ ಅಲ್ಲವೇ ಮೆಹರೂ. ಕಾಯಿ ಕೊರೆಯುವ ಹಸಿರು ಹುಳು ಬೀಳಲಿ ಎಂದು ನಮ್ಮವರು ಅಜ್ಜ ಮುತ್ತಜ್ಜರ ಕಾಲದಿಂದ ಗಿಡ ಝಾಡಿಸುತ್ತಾರೆ, ಸೀರೆ ಎಳೆಯುವವರು ನೆಲ ನೋಡುತ್ತಾರೆ, ಬಿದ್ದದ್ದನ್ನು ಗುಡಿಸಿ ಕೋಳಿಗೆ ಹಾಕುತ್ತಾರೆ. ಮೇಲೆ ನೋಡುವ ಕೆಲಸ ಯಾರಿಗೂ ಬಿದ್ದಿರಲಿಲ್ಲ. ಯಾವ ಹುಳು ಎಲೆಯ ಯಾವ ಮಗ್ಗುಲಲ್ಲಿ ಇರುತ್ತದೆ ಎಂದು ನೋಡಬೇಕಾದದ್ದು ನಿನಗೊಬ್ಬಳಿಗೆ. “ಸೌಂದೂ, ಇದೇ, ಇದೇ, ನಾಕ್ ಕುಚ್ಚಿಂದು” ಎಂದು ನೀನು ಮೇಲೆ ಬೆರಳು ಮಾಡಿದ್ದೇ ನನಗೆ ಕೊನೆಯದಾಗಿ ಚೆನ್ನಾಗಿ ಕೇಳಿದ ಮಾತು. ಅದು ಕಣ್ಣಿಗೆ ಬಿದ್ದಾಗ ನೀನು ಕೂಗಿದ್ದು ಮಾತಾಗಿರಲಿಲ್ಲ.

ಕೊನೆಗೆ ನಾನೇ ಝಾಡಿಸಿದೆ. ಕಾಕಾನ ಹೆಲ್ಮೆಟ್ ಹಾಕಿಕೊಂಡು, ಗಾಜು ಇಳಿಸಿ, ಕೈಗೆ ಪ್ಲಾಸ್ಟಿಕ್ ಚೀಲ ಕಟ್ಟಿಕೊಂಡು, “ಮಹಾಮಂಡಳದ ಕಾರ್ಯಾಚರಣೆ ಆರಂಭವಾಗಿದೆ, ನಾಗರಿಕರು ದೂರ ನಿಲ್ಲತಕ್ಕದ್ದು” ಎಂದು ಘೋಷಿಸಿದೆ. ಭೀಮಶಾ ನಗಲಿಲ್ಲ. ಹೆಲ್ಮೆಟ್ಟಿನೊಳಗೆ ನಾನೂ ನಗಲಿಲ್ಲ.

ಸಿಕ್ಕವು. ಈಗ ನನ್ನ ಕೋಣೆಯ ಕಿಟಕಿಯಲ್ಲಿ, ಉಪ್ಪಿನಕಾಯಿಯ ಗಾಜಿನ ಬರಣಿಯಲ್ಲಿ, ಬಾಯಿಗೆ ಸೊಳ್ಳೆಪರದೆಯ ಚೂರು ಕಟ್ಟಿಸಿಕೊಂಡು ಬಂಧನದಲ್ಲಿವೆ. ಹಿಂದಿನ ಬೆಂಚಿನ ನಾನು ಗುರುತು ಹಿಡಿದ ಬಗೆಯನ್ನು ಕೇಳಿ ನೀನು ಅಂಕ ಕೊಡಬೇಕು. ರಸ್ತೆಯಲ್ಲಿ ಓಡುವ ಸಾದಾ ಕಂಬಳಿಹುಳುವಿಗೆ ಮೈತುಂಬ ಒಂದೇ ಸಮನೆ ಕೂದಲು, ಕ್ಷೌರ ತಪ್ಪಿಸಿಕೊಂಡವರ ಹಾಗೆ. ಇದು ಹಾಗಲ್ಲ. ಇದು ಸಿಂಗಾರ ಮಾಡಿಕೊಂಡ ಹುಳು. ತಲೆ ಇಟ್ಟಿಗೆ ಕೆಂಪು. ಬೆನ್ನ ಮೇಲೆ ಸಾಲಾಗಿ ನಾಲ್ಕು ಕುಚ್ಚು, ಹಲ್ಲುಜ್ಜುವ ಬ್ರಷ್ಷನ್ನು ತುಂಡು ಮಾಡಿ ನೆಟ್ಟಂತೆ. ಮುಂದೆ ಕೊಂಬಿನ ಹಾಗೆ ಎರಡು ಕರಿ ಜುಟ್ಟು, ಬಾಲದ ಕಡೆ ಒಂದು. ಟಸ್ಸಾಕ್ ಮಾತ್ ಎಂದು ಪುಸ್ತಕದಲ್ಲಿದೆ; ನಮ್ಮ ಮಹಾಮಂಡಳದ ದಾಖಲೆಯಲ್ಲಿ ಕುಚ್ಚಿನ ಪತಂಗ ಎಂದು ಬರೆದಿದ್ದೇನೆ. ವಿದ್ಯಾವತಿ ಮೇಡಂ ಎಲೆಯ ಸಮೇತ ನೋಡಿ, “ಬರೋಬ್ಬರಿ ಅದ. ಇಷ್ಟ್ ದಿನ ಈ ಬುದ್ಧಿ ಎಲ್ಲಿಟ್ಟಿದ್ದಿ?” ಎಂದರು. ಮೊದಲ ಬೆಂಚಿನವಳಿಗೆ ಬಾಡಿಗೆಗೆ ಕೊಟ್ಟಿದ್ದೆ ಅಂದೆ. ಅವರು ಕನ್ನಡಕ ತೆಗೆದು ಒರೆಸಿಕೊಳ್ಳುತ್ತ ಕಿಟಕಿಯ ಕಡೆ ತಿರುಗಿದರು.

ಕೂದಲನ್ನು ಮೈಕ್ರೋಸ್ಕೋಪಿನ ಕೆಳಗೂ ತೋರಿಸಿದರು. ನಿನ್ನ ಜಾಗದಲ್ಲಿ ಕುಳಿತು ನೋಡಿದೆ. ಒಂದೊಂದು ಕೂದಲಿಗೂ ಮೈತುಂಬ ಮುಳ್ಳು, ಎಲ್ಲವೂ ಒಂದೇ ಕಡೆ ಬಾಗಿದ ಮುಳ್ಳು. ಹೀಗಾಗಿ ಹೊಕ್ಕರೆ ಮುಂದಕ್ಕೇ ಹೋಗುತ್ತದೆ, ಹಿಂದಕ್ಕೆ ಬರುವುದಿಲ್ಲ. ಹುಳು ಸತ್ತರೂ ಕೂದಲಿನ ಕೆಲಸ ನಿಲ್ಲುವುದಿಲ್ಲ. ಗೂಡನ್ನೂ ಅದು ತನ್ನ ಕೂದಲು ಕಿತ್ತೇ ನೇಯುತ್ತದೆ.

ಬರಣಿಯಲ್ಲಿ ಹುಳು ಕಟ್ಟಿದ ಒಂದು ಗೂಡಿನಿಂದ ಹೋದ ವಾರ ಏನೋ ಹೊರಬಂತು. ಪತಂಗವೆಂದು ಕಾದಿದ್ದರೆ, ಮಾಸಲು ಬಣ್ಣದ ದಪ್ಪ ಚೀಲದಂಥದ್ದು, ರೆಕ್ಕೆಯೇ ಇಲ್ಲ, ಗೂಡಿನ ಮೇಲೆಯೇ ಕುಳಿತಿದೆ. ನನ್ನ ಸಾಕಣೆಯಲ್ಲಿ ಕೆಟ್ಟುಹೋಯಿತು ಎಂದುಕೊಂಡು ಮೇಡಂಗೆ ಫೋನು ಮಾಡಿ, ಸಕಲ ಸರಕಾರಿ ಗೌರವಗಳೊಂದಿಗೆ ಅಂತ್ಯಸಂಸ್ಕಾರ ನಡೆಸಲು ಅಪ್ಪಣೆ ಕೇಳಿದೆ. “ಹುಚ್ಚಿ, ಅದು ಹೆಣ್ಣದ. ಈ ಜಾತಿ ಹೆಣ್ಣಿಗೆ ರೆಕ್ಕೆನೇ ಇರಂಗಿಲ್ಲ. ಹುಟ್ಟಿದ ಗೂಡಿನ ಮ್ಯಾಲೇ ಕುಂತು ತತ್ತಿ ಇಟ್ಟು ಸಾಯ್ತದ,” ಎಂದರು. ಗಂಡಿಗೆ ಮಾತ್ರ ರೆಕ್ಕೆಯಂತೆ. ಇದು ನಿನಗೆ ಮೊದಲೇ ಗೊತ್ತಿದ್ದೀತು. ನನಗೆ ಗೊತ್ತಿರಲಿಲ್ಲ. ಅದು ತತ್ತಿಗಳನ್ನಿಟ್ಟು ಅವುಗಳ ಮೇಲೆಯೇ ಒಣಗಿಹೋಯಿತು. ತೆಗೆಯದೆ ಹಾಗೇ ಬಿಟ್ಟಿದ್ದೇನೆ.

ಮನೆಯ ಸುದ್ದಿ. ಕಮಲಾಪುರದ ಮನೆಗೆ ಹೋದಾಗಲೆಲ್ಲ ಆಯಿ ಮೊದಲು ಕೇಳುವುದು ನಿನ್ನನ್ನೇ. “ಮಸ್ತಾನಬಿ ಮಗಳ ಕಣ್ಣ ಹೆಂಗದ? ಬ್ಯಾನಿ ಇಳದದಿಲ್ಲೋ? ಅವತ್ತ ನಾ ಬುತ್ತಿ ತಗೊಂಡು ಬರ್ಲಿಲ್ಲಂದ್ರ ಏನ್ ಗತಿ ಇತ್ತು?” ಥಂಡಿಗೆಂದು ಹೊದ್ದು ಬಂದಿದ್ದ ಕಂಬಳಿಯಿಂದ ನಿನ್ನ ಕೈ ಒರೆಸಿದ್ದು, ಕೆನ್ನೆ ಒರೆಸಿದ್ದು, ರೆಪ್ಪೆ ತಿಕ್ಕಿದ್ದು, ನೀನು ಸುಮ್ಮನಾಗಿ ಅವಳ ತೊಡೆಯ ಮೇಲೆ ಮಲಗಿದ್ದು, ಎಲ್ಲವನ್ನೂ ಓಣಿಗೆ ಹೇಳುತ್ತಾಳೆ. ಕೂದಲು ಚುಚ್ಚಿದ ಮಕ್ಕಳನ್ನು ನಮ್ಮಲ್ಲಿ ಎಲ್ಲ ಮುದುಕಿಯರೂ ಕಂಬಳಿಯಿಂದಲೇ ತಿಕ್ಕುವುದಲ್ಲವೇ. ಆಯಿಯ ಕಂಬಳಿಗೆ ಈಗ ಇನ್ನಷ್ಟು ಹೆಸರು ಬಂದಿದೆ. “ಸಾಂಜಿಗಿ ಕೆಂಪ ಇಳೀತು ನೋಡು. ಡಾಕ್ಟ್ರು ಸುಮ್ನ ದವಾಖಾನ್ಯಾಗ ಇಟ್ಕೊಂಡಾರ,” ಎನ್ನುತ್ತಾಳೆ. ಶರಣಬಸವೇಶ್ವರನಿಗೆ ನಿನ್ನ ಹೆಸರಿನಲ್ಲಿ ಕಾಯಿ ಒಡೆಸಿಕೊಂಡು ಬಾ ಎಂದಳು. ಒಡೆಸಿದೆ. ಪೂಜಾರಿ ಹೆಸರು, ಗೋತ್ರ ಕೇಳಿದರು. ಮೆಹರೀನ್, ಕೀಟಶಾಸ್ತ್ರ ಗೋತ್ರ ಅಂದೆ. ಅವರು ಹಾಗೇ ಹೇಳಿ ಮಂಗಳಾರತಿ ಎತ್ತಿದರು.

ಖಾಲಾ ಚೆನ್ನಾಗಿ ಊಟ ಮಾಡಲಿ. ಆಯಿ ನಿನಗೆ ನೂರು ವರ್ಷ ಆಯಸ್ಸು ಕೊಟ್ಟಿದ್ದಾಳೆ, ನಾನು ಅದರ ಮೇಲೆ ಇನ್ನೊಂದಿಷ್ಟು ಸೇರಿಸಿದ್ದೇನೆ. ನೀನು ಬರುವವರೆಗೆ ನಿನ್ನ ಬೆಂಚಿನ ಮೇಲೆ ಯಾರೂ ಕೂರದಂತೆ ನನ್ನ ಚೀಲ ಇಟ್ಟಿದ್ದೇನೆ. ಚೀಲದಲ್ಲಿ ಹುಳು ಇದೆಯೆಂದು ವದಂತಿಯನ್ನೂ ಹಬ್ಬಿಸಿದ್ದೇನೆ.

ಇಂತು ನಿನ್ನ ಆಜ್ಞಾಧಾರಕಳು,
ಸೌಂದರ್ಯಾ
(ಮಹಾಮಂಡಳದ ಮೊಹರು ಕಳೆದಿರುವುದರಿಂದ ಹೆಬ್ಬೆಟ್ಟು ಒತ್ತಿದೆ)

ತಾ.ಕ.: ಉಜೈರ್ ಭಾಯಿ, ದನಿಯೆತ್ತಿ ಓದುವುದನ್ನು ಇಲ್ಲಿಗೆ ನಿಲ್ಲಿಸಿ. ಈ ಹಾಳೆಯನ್ನು ಮಡಚಿ ಅವಳ ಕೈಗೆ ಕೊಡಿ. ನೀವು ಮೊದಲು ಓದುತ್ತೀರೆಂದು ಗೊತ್ತು. ಓದಿದ ಮೇಲೂ ಕೊಡಿ. ಖಾಲಾ ಬೇಡವೆಂದಿದ್ದಾರೆ, ನಾನೂ ಅವರಿಗೆ ಹೂಂ ಎಂದಿದ್ದೆ. ಕೊಡದೆ ಹರಿದು ಹಾಕಿದರೆ ನಿಮ್ಮನ್ನು ಬೈಯುವುದಿಲ್ಲ.

ಮೆಹರೂ, ಬಲಗಣ್ಣಿನಿಂದ ಓದು. ಡಾಕ್ಟರು ಬಯ್ಯಲಿ, ಇದೊಂದು ಪುಟ.

ಪಟ್ಟಿ ಬಿಚ್ಚಿದ ಮೇಲೂ ನಿನ್ನ ಎಡಗಣ್ಣಿಗೆ ಕಾಣುವುದಿಲ್ಲ. ಕೂದಲು ಹಿಂದಿನ ಪರದೆಯವರೆಗೆ ಹೋಗಿವೆ. ತೆಗೆಯುವಷ್ಟು ತೆಗೆದಿದ್ದಾರೆ, ಆದರೆ ನೋಟ ಮರಳುವುದಿಲ್ಲವೆಂದು ಡಾಕ್ಟರು ಭಾಯಿಗೆ ಹೇಳಿದ್ದಾರೆ. ಪ್ರಾಕ್ಟಿಕಲ್ ಪರೀಕ್ಷೆಗೆ ಬರುತ್ತೇನೆ, ಅಷ್ಟರಲ್ಲಿ ಎಡಗಣ್ಣು ಸರಿಯಾಗುತ್ತದೆ, ಬಲಗಣ್ಣಿನಿಂದ ಮೈಕ್ರೋಸ್ಕೋಪ್ ನೋಡಲು ನನಗೆ ಬರುವುದಿಲ್ಲ ಎಂದು ನೀನು ಹೇಳುತ್ತಿರುವುದಕ್ಕೆ ನಾವೆಲ್ಲ ಹೌದು ಹೌದು ಎನ್ನುತ್ತಿದ್ದೇವೆ. ಎಲ್ಲರಿಗೂ ಗೊತ್ತಿದ್ದು, ಯಾರ ಕಣ್ಣೋ ಅವಳಿಗೊಬ್ಬಳಿಗೆ ಗೊತ್ತಿಲ್ಲದ ವಿಷಯವನ್ನು ಹೊಟ್ಟೆಯಲ್ಲಿಟ್ಟುಕೊಂಡು ನಾನು ಜೋಕು ಬರೆಯಲಾರೆ. ಬಲಗಣ್ಣಿನಿಂದ ನೋಡುವುದನ್ನು ಈಗಲೇ ಶುರು ಮಾಡು. ಮೇಡಂ ಕಲಿಸುತ್ತೇನೆ ಎಂದಿದ್ದಾರೆ.

ಇನ್ನೊಂದಿದೆ. “ಕಣ್ಣು ತಿಕ್ಕಿದ್ದು ಯಾರು?” ಎಂದು ಡಾಕ್ಟರು ಮೊದಲ ದಿನವೇ ಕೇಳಿದರಂತೆ. ತಿಕ್ಕದೆ ನೀರಿನಿಂದ ತೊಳೆದು ಕರೆತಂದಿದ್ದರೆ ಬಹಳಷ್ಟನ್ನು ಮೇಲಿಂದಲೇ ತೆಗೆಯಬಹುದಿತ್ತಂತೆ. ಭಾಯಿ ಗೊತ್ತಿಲ್ಲ ಅಂದರಂತೆ. ಆಯಿಗೆ ನಾವು ಹೇಳಿಲ್ಲ, ಹೇಳುವುದೂ ಇಲ್ಲ. ಆದರೆ ಮೊನ್ನೆ ಓಣಿಯ ಮಾಪಣ್ಣನ ಮೊಮ್ಮಗಳಿಗೆ ಹುಳು ಮುಟ್ಟಿತೆಂದು ಕಂಬಳಿ ಹಿಡಿದು ಹೊರಟಳು. ಮಗುವನ್ನು ನಾನು ನಳದ ಕೆಳಗೆ ಹಿಡಿದೆ, ರಾತ್ರಿಯಾಗುವ ಮೊದಲೇ ಕಂಬಳಿಯನ್ನು ಕದ್ದು ಕಲಬುರಗಿಗೆ ತಂದೆ. ಅವಳು ಈಗಲೂ ಹುಡುಕುತ್ತಿದ್ದಾಳೆ. ಇದೂ ಸೌಂದೂನ ಚೇಷ್ಟೆ, ನಾಲ್ಕು ದಿನಕ್ಕೆ ತಂದುಕೊಡ್ತಾಳ ಎಂದು ಓಣಿಗೆ ಹೇಳಿ ನಗುತ್ತಾಳಂತೆ. ನಗಲಿ.

ಮತ್ತು ಮೆಹರೂ, ನಿನ್ನ ಗೌರವಾರ್ಥ ಈ ಇಡೀ ಪತ್ರವನ್ನು ಎಡಗಣ್ಣಿಗೆ ಓಢಣಿ ಕಟ್ಟಿಕೊಂಡು ಬರೆಯುವುದೆಂದು ಬೆಳಿಗ್ಗೆ ಕನ್ನಡಿಯ ಮುಂದೆ ನಿಂತು ಶಪಥ ಮಾಡಿದ್ದೆ. ಬರೆಯುವ ಮೊದಲು ಚಹಾ ಸುರಿದುಕೊಳ್ಳಲು ಹೋದೆ. ಬಸಿಯ ಆಚೆ, ನೆಲಕ್ಕೆ ಸುರಿಯಿತು. ಹೆದರಿಕೆಯಾಗಿ ಅಲ್ಲಿಯೇ ಬಿಚ್ಚಿ ಎಸೆದೆ. ಇದನ್ನೆಲ್ಲ ಎರಡೂ ಕಣ್ಣಿನಿಂದ ಬರೆದಿದ್ದೇನೆ.