ತೀರ್ಪು ಬರುವವರೆಗೆ

ಕೊಡಿಯಾಲ್‌ಬೈಲ್, ಮಂಗಳೂರು
12 ಮಾರ್ಚ್ 1938

ಮೇಲಿನ ಕೋರ್ಟಿನ ಘನ ನ್ಯಾಯಾಧೀಶರ ಸನ್ನಿಧಿಗೆ ಗುಣವತಿಯ ಅರಿಕೆ.

ನಮ್ಮ ತೆಂಗಿನ ಹಿತ್ತಿಲಿನ ಪಾಲಿನ ದಾವೆ ಕೆಳಗಿನ ಕೋರ್ಟಿನಲ್ಲಿ ಐದು ವರ್ಷದಿಂದ ಬಿದ್ದುಕೊಂಡಿದೆ. ಎದುರು ಪಕ್ಷದವಳು ಪಕ್ಕದ ಮನೆಯಲ್ಲೇ ಇರುವ ನನ್ನ ಸ್ವಂತ ಅಕ್ಕ ವಾರಿಜಾಕ್ಷಿ. ದಾವೆ ಹೂಡಿದ ದಿನ ಸಿಟ್ಟಿನಲ್ಲಿ ಇಬ್ಬರೂ ದೈವದ ಮುಂದೆ ಆಣೆ ಮಾಡಿದೆವು: ಕೋರ್ಟಿನ ತೀರ್ಪು ಬರುವವರೆಗೆ ಒಬ್ಬರ ಮನೆಯ ಅನ್ನನೀರು ಇನ್ನೊಬ್ಬರು ಮುಟ್ಟುವುದಿಲ್ಲ.

ಅಕ್ಕ ಹಾಸಿಗೆ ಹಿಡಿದು ತಿಂಗಳಾಯಿತು. ನಾನಲ್ಲದೆ ಬೇರೆ ಯಾರು ಮಾಡಿ ಕೊಟ್ಟರೂ ಅವಳಿಗೆ ಗಂಜಿ ಗಂಟಲಲ್ಲಿ ಇಳಿಯುವುದಿಲ್ಲ. ನಾನು ದಿನಾ ಬರಿಗೈಯಲ್ಲಿ ಹೋಗಿ ಕೂತು ಬರುತ್ತೇನೆ. "ಕೋರ್ಟಿನದ್ದು ಎಂತಾದರೂ ಸುದ್ದಿ ಉಂಟಾ?" ಎಂದು ಕೇಳುತ್ತಾಳೆ.

ವಕೀಲರು ರಾಜಿ ಮಾಡಿಕೊಳ್ಳಿ ಎನ್ನುತ್ತಾರೆ. ದೈವಕ್ಕೆ ನಾವು ಹೇಳಿದ್ದು ತೀರ್ಪು ಎಂದು, ರಾಜಿ ಎಂದಲ್ಲ. ವಕೀಲರಿಗೆ ಇದು ಅರ್ಥವಾಗದಿದ್ದರೆ ತಮಗಾದರೂ ಆಗಬೇಕು.

ವಾಯಿದೆಗಳು ಸಾಕು. ಹಿತ್ತಿಲು ಪೂರ್ತಿ ಅವಳಿಗೇ ಹೋಗಲಿ, ನನ್ನ ತಕರಾರಿಲ್ಲ. ಈ ವಾರವೇ ತೀರ್ಪು ಕೊಡಲು ಕೆಳಗಿನ ಕೋರ್ಟಿಗೆ ಅಪ್ಪಣೆ ಮಾಡಿರಿ. ಕುಚ್ಚಲಕ್ಕಿ ಗಂಜಿ ಬೇಯಿಸಲು ನನಗೆ ಒಂದು ಗಂಟೆ ಸಾಕು.

ಇಂತಿ,
ಎದುರು ಪಕ್ಷದವಳ ತಂಗಿ
ಗುಣವತಿ