ಹೆಂಗಸರ ಪಟ್ಟ ಮುಗಿದ ಬಗೆ

ಮನೆಯಿಂದ,
ಸೋಮವಾರ ಬೆಳಿಗ್ಗೆ

ಪ್ರೀತಿಯ ಅಕ್ಕಾ,

ಮಂಡಿ ಹೇಗಿದೆ? ಚಿಕ್ಕಮ್ಮನ ಬಟ್ಟೆ ಅಂಗಡಿಯಲ್ಲಿ ನೀನು ದಿನವಿಡೀ ನಿಂತೇ ಇರುತ್ತೀಯೆಂದು ಯಾರೋ ಅಮ್ಮನ ಕಿವಿಯಲ್ಲಿ ಊದಿದ್ದಾರೆ. ನಿಜವಾದರೆ ಒಂದು ಸ್ಟೂಲು ಕೇಳಿ ಹಾಕಿಸಿಕೋ. ಚಿಕ್ಕಮ್ಮ ಗೊಣಗುತ್ತಾಳೆ, ಆದರೆ ಕೊಡುತ್ತಾಳೆ. ಇಲ್ಲಿ ಅಮ್ಮನಿಗೆ ಹೊಸ ಕನ್ನಡಕ ಬಂದಿದೆ. ಅದು ಬಂದಾಗಿನಿಂದ ನನ್ನ ತಲೆಯಲ್ಲಿ ಬಿಳಿ ಕೂದಲು ಹುಡುಕುವುದೇ ಅವಳಿಗೆ ಕಸುಬಾಗಿದೆ. ಉಳಿದಂತೆ ಇಬ್ಬರೂ ಚೆನ್ನಾಗಿದ್ದೇವೆ.

ಕುಸ್ತಿಯ ಸುದ್ದಿ ಮಾತ್ರ ಬರೆಯಬೇಡ ಎಂದು ನೀನು ಹೇಳಿ ಹೋಗಿದ್ದೆ. ಇಷ್ಟು ದಿನ ಬರೆಯಲಿಲ್ಲ. ಆದರೆ ನೀನು ಮೊದಲು ಗೆದ್ದ ಹೆಂಗಸರ ಪಟ್ಟವನ್ನು ನಮ್ಮ ಕುಸ್ತಿ ಕಂಪನಿಯವರು ಮೊನ್ನೆ ಶನಿವಾರ ರದ್ದು ಮಾಡಿದರು. ಬೇರೆಯವರು ಉಪ್ಪು ಖಾರ ಹಚ್ಚಿ ಹೇಳುವ ಮೊದಲು ನಾನೇ ಹೇಳಿಬಿಡುತ್ತೇನೆ. ನಿನಗೆ ಗೊತ್ತಿರುವುದೂ ನಡುವೆ ಬರುತ್ತದೆ, ಸಹಿಸಿಕೋ. ಬುಡದಿಂದ ಹೇಳದೆ ನನಗೆ ಯಾವುದನ್ನೂ ಹೇಳಲು ಬರುವುದಿಲ್ಲ.

ಟಿವಿಯವರು ಹೆಂಗಸರ ಕುಸ್ತಿಗೂ ವಾರಕ್ಕೆ ಅರ್ಧ ಗಂಟೆ ಕೊಡುತ್ತೇವೆ ಎಂದಾಗ ಕಂಪನಿಯ ಯಜಮಾನರಿಗೆ ಕುಂತಲ್ಲಿ ಕೂರಲಾಗಲಿಲ್ಲ. ಗೆದ್ದವಳ ಸೊಂಟಕ್ಕೆ ಕಟ್ಟಲೆಂದು ಕಾರಿನ ಸೀಟು ಹೊಲಿಯುವವನಿಂದ ಚರ್ಮದ ಪಟ್ಟಿ, ಬಾಗಿಲಿನ ಹೆಸರುಫಲಕ ಕೆತ್ತುವವನಿಂದ ಹಿತ್ತಾಳೆಯ ಬಿಲ್ಲೆ ಮಾಡಿಸಿ, ಎರಡನ್ನೂ ಜೋಡಿಸಿ ತಂದರು. "ಪಟ್ಟ ಕೊಡ್ತೀನಿ ಅಂದ್ರು, ಪಟ್ಟಿ ಕೊಟ್ರು" ಎಂದು ನೀನು ನಕ್ಕಿದ್ದೆ. ಯಾರು ಗೆಲ್ಲಬೇಕೆಂಬುದು ನಮ್ಮಲ್ಲಿ ಅಖಾಡಕ್ಕೆ ಇಳಿಯುವ ಮೊದಲೇ ತೀರ್ಮಾನವಾಗಿರುತ್ತದೆ. ಯಜಮಾನರ ಕೋಣೆಯಲ್ಲಿ ನಿನ್ನ ಹೆಸರು ಬಂದಾಗ ಒಬ್ಬರೂ ಚಕಾರ ಎತ್ತಲಿಲ್ಲ. ಜನ ಬರುತ್ತಿದ್ದುದೇ ನಿನ್ನನ್ನು ನೋಡಲು. ಆಮೇಲೆ ಮಂಡಿ ಹೋಯಿತು. "ಒಂದ್ಸಲ ಬಂದು ಮಲಗಿಬಿಡಮ್ಮಾ, ಯಾರಾದ್ರೂ ಗೆದ್ದ ಹಾಗೆ ಮಾಡ್ತೀವಿ" ಎಂದು ಯಜಮಾನರು ಕೇಳಿದಾಗ ನೀನು ಪಟ್ಟಿಯನ್ನು ತರಕಾರಿ ಚೀಲದಲ್ಲಿ ಹಾಕಿ ನನ್ನ ಕೈಲಿ ಕಳಿಸಿದೆ. ಅಲ್ಲಿಗೆ ನಿನಗೆ ಗೊತ್ತಿರುವುದು ಮುಗಿಯಿತು.

ಖಾಲಿಯಾದ ಪಟ್ಟ ನರ್ಸಿಗೆ ಹೋಯಿತು. ಹಗಲು ಕ್ಲಿನಿಕ್ಕಿನಲ್ಲಿ ಮಕ್ಕಳಿಗೆ ಸೂಜಿ ಚುಚ್ಚಿ ಮುದ್ದಿಸುವವಳು, ಸಂಜೆ ಅದೇ ಬಿಳಿ ಉಡುಪಿನಲ್ಲಿ ಅಖಾಡಕ್ಕೆ ಬಂದು ಕೆಟ್ಟವಳ ಪಾತ್ರ ಮಾಡಿ ಎಲ್ಲರಿಂದ ಉಗಿಸಿಕೊಳ್ಳುತ್ತಿದ್ದಳಲ್ಲ, ಅವಳಿಗೇ. ಜನ ಅವಳನ್ನು ಮನಸಾರೆ ದ್ವೇಷಿಸಿದರು, ಯಜಮಾನರಿಗೆ ಬೇಕಾದದ್ದೂ ಅದೇ. ಅವಳೆದುರು ಒಂದು ದಿನ ಹೊಸ ಹುಡುಗಿಯನ್ನು ಇಳಿಸಿದರು. ಎಲುಬಿನ ಮೇಲೆ ಚರ್ಮ ಅಂಟಿಸಿದ ಹಾಗಿದ್ದಾಳೆ, ಎಲ್ಲರೂ ಕಡ್ಡಿ ಎನ್ನುತ್ತಾರೆ. ಅವಳು ಚೆನ್ನಾಗಿ ಹೋರಾಡಿ ಸೋಲಬೇಕು, ಪಟ್ಟ ನರ್ಸಿನ ಬಳಿಯೇ ಉಳಿಯಬೇಕು ಎಂದು ಮಾತಾಗಿತ್ತು. ರೆಫರಿ ನಾನು.

ಕುಸ್ತಿ ಅರ್ಧಕ್ಕೆ ಬಂದಿತ್ತು. ಕಡ್ಡಿ ನರ್ಸನ್ನು ಭುಜದ ಮೇಲಿಂದ ಎತ್ತಿ ಹಾಕಿದಳು. ಕೈ ಜಾರಿತು. ನರ್ಸಿನ ತಲೆ ಹಲಗೆಗೆ ಬಡಿದ ಸದ್ದು ನನಗೆ ಕೇಳಿಸಿತು. ಕಡ್ಡಿಗೆ ಏನೂ ಗೊತ್ತಾಗಲಿಲ್ಲ. ಕಲಿಸಿದ ಹಾಗೆ ಅವಳ ಮೇಲೆ ಅಡ್ಡ ಬಿದ್ದಳು. ಮೂರು ಎಣಿಸುವವರೆಗೂ ಭುಜ ನೆಲದಲ್ಲೇ ಇದ್ದರೆ ಸೋಲು; ನಾನು ಎಣಿಸಬೇಕು, ಎರಡಾದ ಮೇಲೆ ನರ್ಸ್ ಭುಜ ಎತ್ತಬೇಕು. ಬಗ್ಗಿ ಅವಳ ಕಿವಿಯಲ್ಲಿ, "ಏಳ್ತೀಯಾ?" ಎಂದೆ. ಕಣ್ಣು ಅರೆ ತೆರೆದಿತ್ತು, ನೋಟ ಇರಲಿಲ್ಲ. ಕುಸ್ತಿ ಮುಗಿಯದೆ ಡಾಕ್ಟರು ಹಗ್ಗ ದಾಟಿ ಒಳಗೆ ಬರುವಂತಿರಲಿಲ್ಲ. ಸರಸರನೆ ಮೂರು ಎಣಿಸಿ ಗಂಟೆ ಹೊಡೆಯಲು ಕೈ ಮಾಡಿದೆ. ಕಡ್ಡಿ ತಲೆ ಎತ್ತಿ, "ಅಣ್ಣಾ, ಯಾಕೆ ಮೂರು ಎಣಿಸಿದ್ರಿ?" ಎಂದಳು. ಆಮೇಲೆ ಕೆಳಗೆ ನೋಡಿದಳು. ಗೆದ್ದವಳೆಂದು ಸೊಂಟಕ್ಕೆ ಪಟ್ಟಿ ಕಟ್ಟುವಾಗ ಅವಳು ಬಿಕ್ಕಿ ಬಿಕ್ಕಿ ಅಳುತ್ತಿದ್ದಳು. ಗೆದ್ದ ಖುಷಿಯೆಂದು ಜನ ಚಪ್ಪಾಳೆ ತಟ್ಟಿದರು. ಆ ಪಟ್ಟದ ಹುಟ್ಟಿನಿಂದ ಸಾವಿನವರೆಗೆ, ಮೊದಲೇ ಗೊತ್ತುಮಾಡದೆ ಬಂದ ಗೆಲುವು ಅದೊಂದೇ.

ನರ್ಸಿಗೆ ಮರುದಿನ ಎಚ್ಚರವಾಯಿತು. ಮಾತು ಸರಿಹೋಗಲು ವಾರಗಳೇ ಬೇಕಾದವು. ಈಗ ಮತ್ತೆ ಕ್ಲಿನಿಕ್ಕಿಗೆ ಹೋಗುತ್ತಾಳೆ, ಅಖಾಡಕ್ಕೆ ಇನ್ನಿಲ್ಲ. ಯಜಮಾನರು ನನ್ನನ್ನು ಕರೆದು, "ಎರಡಕ್ಕೆ ನಿಲ್ಲಿಸೋಕೆ ನಿನ್ನ ಕೈಗೇನು ಲಕ್ವ ಹೊಡೆದಿತ್ತಾ?" ಎಂದು ಕೂಗಾಡಿದರು. ಆ ಫಲಿತಾಂಶ ಲೆಕ್ಕಕ್ಕಿಲ್ಲ ಎಂದು ಸಾರಲು ಹೊರಟಿದ್ದರು. ಆಸ್ಪತ್ರೆಯ ಮಂಚದಿಂದ ನರ್ಸ್ ತೊದಲುತ್ತಲೇ ಹೇಳಿ ಕಳಿಸಿದಳು: "ನಾನು ಸೋತಿದ್ದೀನಿ. ಅದನ್ನ ಅಳಿಸಬೇಡಿ." ಬೇರೆ ಹೆಂಗಸರೂ, ಅಳಿಸಿದರೆ ನಾವು ಕುಸ್ತಿಯ ಬಟ್ಟೆ ಹಾಕುವುದೇ ಇಲ್ಲ ಎಂದು ಕೋಣೆಯಲ್ಲಿ ಕುಳಿತುಬಿಟ್ಟರು. ಯಜಮಾನರು ಫಲಿತಾಂಶವನ್ನು ಹಾಗೇ ಬಿಟ್ಟರು. ಆದರೆ ಅವರಿಗೆ ಪಟ್ಟದ ಮೇಲಿದ್ದ ಆಸೆಯೇ ಹೋಯಿತು. ಟಿವಿಯವರೂ ಆ ಅರ್ಧ ಗಂಟೆಯನ್ನು ಅಡುಗೆ ಕಾರ್ಯಕ್ರಮಕ್ಕೆ ಕೊಟ್ಟರು. ಶನಿವಾರ ಗಂಡಸರ ಎರಡು ಕುಸ್ತಿಗಳ ನಡುವೆ ಯಜಮಾನರು ಪಟ್ಟ ರದ್ದೆಂದು ಮೈಕಿನಲ್ಲಿ ಒಂದು ವಾಕ್ಯ ಹೇಳಿ ಮುಗಿಸಿದರು. ಜನ ಆಗ ಕುರುಕಲು ಕೊಳ್ಳಲು ಎದ್ದಿದ್ದರು. ಕಡ್ಡಿ ಪಟ್ಟಿ ವಾಪಸು ಕೊಡಲು ಹೋದರೆ, "ಇಟ್ಕೊಳಮ್ಮಾ, ನಂಗ್ಯಾಕೆ ಅದು" ಎಂದರಂತೆ.

ಇಷ್ಟೇ. ನನಗೆ ದುಃಖವೂ ಇಲ್ಲ, ಸಿಟ್ಟೂ ಇಲ್ಲ. ನಿನಗೆ ಹೇಗನ್ನಿಸುತ್ತದೋ ತಿಳಿಯದು. ಓದಿ ಹರಿದು ಹಾಕಿದರೂ ಬೇಸರವಿಲ್ಲ.

ಚಿಕ್ಕಮ್ಮನಿಗೆ ನನ್ನ ನಮಸ್ಕಾರ. ಅಮ್ಮ ನಿನಗೆ ಆಶೀರ್ವಾದದ ಜೊತೆ ಬೈಗುಳವನ್ನೂ ಹೇಳಿದ್ದಾಳೆ, ಎರಡನ್ನೂ ಸಮನಾಗಿ ಸ್ವೀಕರಿಸು.

ನಿನ್ನ ತಮ್ಮ

ತಾ.ಕ.: ಬಸ್ ಡಿಪೋ ಪಕ್ಕದ ಶೆಡ್ಡಿನಲ್ಲಿ ನರ್ಸ್ ಮತ್ತು ಕಡ್ಡಿ ಸೇರಿ ಹುಡುಗಿಯರಿಗೆ ಕುಸ್ತಿ ಹೇಳಿಕೊಡಲು ಶುರುಮಾಡುತ್ತಿದ್ದಾರೆ. ಎತ್ತಲು ಕಲಿಸಲು ಜನ ಇದ್ದಾರಂತೆ, ಬೀಳಲು ಕಲಿಸುವವರಿಲ್ಲವಂತೆ. "ಅಕ್ಕ ಬಂದ್ರೆ ಮಾತ್ರ ಬಾಗಿಲು ತೆಗೀತೀವಿ" ಎಂದು ನರ್ಸ್ ಹಟ ಹಿಡಿದಿದ್ದಾಳೆ. ಈ ಭಾನುವಾರ ಇಬ್ಬರೂ ನಿನ್ನನ್ನು ಕರೆಯಲು ಅಲ್ಲಿಗೆ ಬರುತ್ತಾರೆ. ಬೇಡ ಎನ್ನುವುದಾದರೆ ಅವರ ಮುಖ ನೋಡಿಯೇ ಹೇಳು, ನನ್ನ ಕೈಲಿ ಹೇಳಿಸಬೇಡ. ಅಮ್ಮನಂತೂ ನಿನ್ನ ಕೋಣೆಯಲ್ಲಿ ತುಂಬಿದ್ದ ಹೊಲಿಗೆ ಮಷೀನು, ಗಂಟುಮೂಟೆ ಎಲ್ಲವನ್ನೂ ನಿನ್ನೆಯೇ ನನ್ನ ಕೋಣೆಗೆ ಸಾಗಿಸಿದ್ದಾಳೆ.