ದೀಕ್ಷಿತಾಳ ಪಕ್ಕಾ ಕನ್ನಡ

ಅಕ್ಟೋಬರ್ 12, ಭಾನುವಾರ
ದೀಕ್ಷಿತಾ ಮತ್ತೆ ಹತ್ತಕ್ಕೆ ಎದ್ದಳು. ಬೈದೆ. ಉಂಡ ತಾಟು ಎತ್ತಲಿಲ್ಲ. ಬೈದೆ. ಕಿವಿಯಲ್ಲಿ ಇಯರ್‌ಫೋನ್, ಅದರಲ್ಲಿ ಮರಾಠಿ ರ‍್ಯಾಪ್. ನನ್ನ ಮಾತು ಎಲ್ಲಿ ಕೇಳಿಸುತ್ತೆ!

ಸಂಜೆ ಕನ್ನಡ ಸಂಘದ ಮೀಟಿಂಗ್. ಅಧ್ಯಕ್ಷರ ಹೆಂಡತಿ ಸುಶೀಲಾಬಾಯಿ ಎಲ್ಲರೆದುರು ಕೇಳಿದರು: “ರೂಪಾ, ನಿಮ್ಮ ಹುಡುಗಿಗಿ ಕನ್ನಡ ಬರ್ತದೋ ಇಲ್ಲೋ?”

ಮೈ ಉರಿಯಿತು. “ಯಾಕ ಬರಂಗಿಲ್ರಿ? ರಾಜ್ಯೋತ್ಸವಕ್ಕ ಹಾಡ್ತಾಳ್ರಿ!” ಅಂದುಬಿಟ್ಟೆ.

ಯಾಕೆ ಬೇಕಿತ್ತು ನನಗೆ ಈ ಉಸಾಬರಿ?

ಅಕ್ಟೋಬರ್ 13
ಭಾವಗೀತೆ ಕಲಿಸಲು ಕೂತೆ. “ಬೋರ್, ಮಮ್ಮಿ. ರ‍್ಯಾಪ್ ಮಾಡ್ತೀನಿ.”
“ಕನ್ನಡದಾಗ?”
“ಪಕ್ಕಾ ಕನ್ನಡ. ನಿಮ್ಮ ಬೀದರಿಂದು.”

ನಾಸಿಕ್‌ನಲ್ಲೇ ಹುಟ್ಟಿದ ಹುಡುಗಿ. ಬೀದರ್ ಕನ್ನಡ ಎಲ್ಲಿಂದ ತರುತ್ತಾಳೋ... ನನ್ನ ಮಾನ ಅವಳ ಕೈಯಲ್ಲಿ.

ಅಕ್ಟೋಬರ್ 29
ಬಾಗಿಲು ಹಾಕಿಕೊಂಡು ಪ್ರಾಕ್ಟೀಸ್. ಇವರು ಓಝರ್‌ನ ಫ್ಯಾಕ್ಟರಿಯಿಂದ ಬಂದು, “ಹಾಡ್ಲಿ ಬಿಡು” ಅಂದರು. ಇವರಿಗೇನು!

ನವೆಂಬರ್ 2, ರಾತ್ರಿ
ಸಂಘದ ರಾಜ್ಯೋತ್ಸವ ಮುಗಿಸಿ ಈಗಷ್ಟೇ ಬಂದೆವು.

ಕೆಂಪು-ಹಳದಿ ಶಾಲು, ಹಿಂದೆ ನಾಸಿಕ್ ಢೋಲ್. ಶುರು ಮಾಡಿದಳು—
“ಹೊತ್ತು ನೆತ್ತಿಗಿ ಬಂತು, ಏಳ್ತೀ ಇಲ್ಲ?
ಉಂಡ ತಾಟು ಎತ್ತೋರು ಯಾರ?
ನಿಮ್ಮಪ್ಪ ಬರ್ಲಿ ತಡಿ!”

ಅಯ್ಯೋ ಶಿವನೇ! ನನ್ನವೇ ಬೈಗುಳ. ಒಂದೂ ಬಿಟ್ಟಿಲ್ಲ. ಭೂಮಿ ಬಾಯಿಬಿಡಬಾರದೇ ಅನ್ನಿಸಿತು.

ಅಷ್ಟರಲ್ಲಿ ಮಕ್ಕಳೆಲ್ಲ ಎದ್ದು ಕೂಗತೊಡಗಿದವು: “ನಿಮ್ಮಪ್ಪ ಬರ್ಲಿ ತಡಿ!” ಬಾಯಿಬಿಟ್ಟರೆ ಮರಾಠಿ ಆಡುವ ಮಕ್ಕಳು! ಸುಶೀಲಾಬಾಯಿಯ ಮೊಮ್ಮಕ್ಕಳು ಅಜ್ಜಿಯ ಕಡೆಗೇ ಕೈ ತೋರಿಸಿ ಕೂಗಿದರು. ಇವರು ಮುಂದಿನ ಸಾಲಿನಿಂದ ಎದ್ದು ಎಲ್ಲರಿಗೂ ಕೈ ಮುಗಿದರು. ನಾಚಿಕೆಯೇ ಇಲ್ಲ.

ಸುಶೀಲಾಬಾಯಿ ಕಣ್ಣೊರೆಸಿಕೊಂಡು ನಗುತ್ತಾ, “ಭಾಳ ಛಲೋ ಕನ್ನಡ ಕಲ್ಸೀರಿ” ಅಂದರು.

ಮನೆಗೆ ಬಂದು ಹಿಡಿದುಕೊಂಡೆ: “ಬ್ಯಾರೆ ಏನೂ ಸಿಗ್ಲಿಲ್ಲೇನ ನಿನಗ?”
“ಮುದ್ದು ಮಾಡೂದು ಮರಾಠಿದಾಗ, ಬೈಯೂದು ಕನ್ನಡದಾಗ. ನನಗ ಬರೂದು ಇಷ್ಟೇ, ಮಮ್ಮಿ.”

“ಬಾಳಾ” ಅನ್ನುತ್ತಾ ತಲೆ ಸವರಲು ಹೋದೆ— ನೋಡು, ಆ ಮುದ್ದೂ ಮರಾಠಿಯಲ್ಲೇ.

ನವೆಂಬರ್ 9
ಸಂಭಾಜಿನಗರದ ಸಂಘದವರೂ ಕರೆದಿದ್ದಾರೆ. ಹಾಡು ಇನ್ನಷ್ಟು ಉದ್ದ ಬೇಕಂತೆ. ಹುಡುಗಿಯ ಬಳಿ ಬೈಗುಳದ ಸ್ಟಾಕ್ ಮುಗಿದಿದೆ.

ನಾನೂ ಹಟ ಹಿಡಿದಿದ್ದೇನೆ. ವಾರದಿಂದ ಬರೀ ಮುದ್ದು, ಅದೂ ಕನ್ನಡದಲ್ಲಿ. “ನನ್ನ ಬಂಗಾರ, ಉಣ್ಣು ಬಾ.” ಬರೆದುಕೊಂಡಳು. ಆದರೆ ಬೀಟ್‌ಗೆ ಕೂಡುತ್ತಿಲ್ಲವಂತೆ.

ಈಗ ಬೇಕಂತಲೇ ಒದ್ದೆ ಟವೆಲ್ಲನ್ನು ಹಾಸಿಗೆ ಮೇಲೆ ಹಾಕಿ ಕೂತಿದ್ದಾಳೆ. ಪಕ್ಕದಲ್ಲಿ ಫೋನ್, ರೆಕಾರ್ಡಿಂಗ್ ಆನ್. ಬೈಯಬಾರದು. ಬೈಯಬಾರದು... ಅಯ್ಯೋ, ನನ್ನ ಹೊಸ ಚಾದರ್— ಏ ದೀಕ್ಷೀ—